ಚೆನ್ನಾಗಿಯೇ ಇದ್ದ ಕ್ಯಾಸಿನಿ ನೌಕೆಯನ್ನು ಶನಿಯೊಳಗೆ ಬೀಳಿಸಿದ್ದು ಸರಿಯಾ?

ಸಾಗರದ ಟೀಚರ್
ಎಲ್ಲರಿಗೂ ನಮಸ್ಕಾರ. ಪ್ರೌಢಶಾಲೆಯಲ್ಲಿ ವಿಜ್ಞಾನ ಪಾಠ ಮಾಡುತ್ತೇನೆ. ನಿನ್ನೆ ಎಂಟನೇ ತರಗತಿಗೆ ಶನಿ ಗ್ರಹದ ಬಗ್ಗೆ ಹೇಳುತ್ತಾ ಕ್ಯಾಸಿನಿ ನೌಕೆಯ ಕತೆಗೆ ಹೋದೆ. 1997ರ ಅಕ್ಟೋಬರ್ 15ಕ್ಕೆ ಭೂಮಿ ಬಿಟ್ಟಿತು, 2004ರ ಜುಲೈ 1ಕ್ಕೆ ಶನಿ ಸೇರಿತು, 13 ವರ್ಷ ಅಲ್ಲೇ ಸುತ್ತಿತು, 2017ರ ಸೆಪ್ಟೆಂಬರ್ 15ರಂದು ಶನಿಯೊಳಗೇ ಬಿದ್ದು ಉರಿದುಹೋಯಿತು ಎಂದೆ.

ಕಿಟಕಿ ಪಕ್ಕದ ಹುಡುಗಿಯೊಬ್ಬಳು ಎದ್ದು ನಿಂತಳು. "ಬಿದ್ದಿದ್ದಾ ಮಿಸ್, ಬೀಳಿಸಿದ್ದಾ?" ಬೀಳಿಸಿದ್ದು ಅಂದೆ. "ಕೆಟ್ಟು ಹೋಗಿತ್ತಾ?" ಇಲ್ಲ, ಕೊನೇ ನಿಮಿಷದವರೆಗೂ ಕೆಲಸ ಮಾಡುತ್ತಿತ್ತು ಅಂದೆ. "ಮತ್ತೆ ಯಾಕೆ?" ನಮ್ಮ ಕ್ರಿಮಿಗಳು ಶನಿಯ ಚಂದ್ರರಿಗೆ ಅಂಟಬಾರದು ಅಂತ ಎಂದೆ. ಅವಳು ಕೂರಲಿಲ್ಲ. "ಟೈಟನ್ ಚಂದ್ರನ ಮೇಲೆ ಇನ್ನೊಂದು ನೌಕೆ ಇಳಿಸಿದರು ಅಂತ ನೀವೇ ಹೇಳಿದ್ರಿ. ಅದರಲ್ಲಿ ಕ್ರಿಮಿ ಇರಲಿಲ್ವಾ?"

ನನಗೆ ಉತ್ತರ ಹೊಳೆಯಲಿಲ್ಲ. ಸೋಮವಾರ ಹೇಳುತ್ತೇನೆ ಎಂದು ಮಾತು ಕೊಟ್ಟಿದ್ದೇನೆ. ಮಗುವಿನ ಪ್ರಶ್ನೆ ನ್ಯಾಯವಾಗಿದೆ ಅಂತ ನನಗೂ ಅನ್ನಿಸುತ್ತಿದೆ. ಗೊತ್ತಿರುವವರು ಬಿಡಿಸಿ ಹೇಳಿ.

ತುಂಗಭದ್ರ
ಇಂಧನ ಮುಗಿಯುತ್ತಾ ಬಂದಿತ್ತು, ಅಷ್ಟೇ. ಹೊರಟಾಗ 5,700 ಕಿಲೋ ಚಿಲ್ಲರೆ ತೂಕ. ಅದರಲ್ಲಿ ಅರ್ಧಕ್ಕಿಂತ ಜಾಸ್ತಿ ಇಂಧನವೇ. ಖಾಲಿಯಾದ ಮೇಲೆ ನೌಕೆ ನಮ್ಮ ಮಾತು ಕೇಳುವುದಿಲ್ಲ. ಎತ್ತ ಹೋಗುತ್ತದೋ ಅತ್ತ.

ಕಾಫಿ ತೋಟ
ಹಾಗಾದರೆ ದೂರದ ಕಕ್ಷೆಗೆ ತಳ್ಳಿ ಬಿಡಬಹುದಿತ್ತಲ್ಲ? ವಾಯೇಜರ್ ನೌಕೆಗಳೆರಡೂ ಇನ್ನೂ ಹೋಗುತ್ತಲೇ ಇವೆ. 20 ವರ್ಷ ದುಡಿದ ಯಂತ್ರವನ್ನು ಕೈಯಾರೆ ಸುಡುವುದು ನನಗೆ ಇವತ್ತಿಗೂ ಒಪ್ಪಿಗೆಯಿಲ್ಲ.

ಲೆಕ್ಕದ ಮೇಷ್ಟ್ರು
ವಾಯೇಜರ್ ಹೋಲಿಕೆ ಸರಿಹೋಗುವುದಿಲ್ಲ. ಅವು ಶನಿಯನ್ನು ಹಾದು ಹೋದವು. 1980ರ ನವೆಂಬರ್‌ನಲ್ಲಿ ಒಂದು, 1981ರ ಆಗಸ್ಟ್‌ನಲ್ಲಿ ಇನ್ನೊಂದು. ನಿಲ್ಲಲೇ ಇಲ್ಲ. ಕ್ಯಾಸಿನಿ ಶನಿಯ ಹಿಡಿತಕ್ಕೆ ಸಿಕ್ಕಿಕೊಂಡಿತ್ತು. ಅಲ್ಲಿಂದ ಪಾರಾಗಿ ಬೇರೆ ಗ್ರಹಕ್ಕೆ ಕಳಿಸುವ ಯೋಚನೆಯೂ ತಂಡದ ಮುಂದೆ ಇತ್ತು. ಯುರೇನಸ್ ಹೆಸರೂ ಬಂದಿತ್ತು. ಆದರೆ ತಲುಪಲು ದಶಕಗಳು ಬೇಕು, ಅಷ್ಟರಲ್ಲಿ ನೌಕೆಯಲ್ಲಿ ಕರೆಂಟೂ ಇರುವುದಿಲ್ಲ, ಇಂಧನವೂ ಇರುವುದಿಲ್ಲ.

ದೂರದ ಕಕ್ಷೆಯೂ ನೆಚ್ಚಿಕೊಳ್ಳುವಂಥದ್ದಲ್ಲ. ಟೈಟನ್ ಅಷ್ಟು ದೊಡ್ಡದು, ಅಡ್ಡ ಅಳತೆ 5,150 ಕಿ.ಮೀ., ಬುಧ ಗ್ರಹಕ್ಕಿಂತ ದೊಡ್ಡದು. ಪ್ರತಿ ಸಲ ಹತ್ತಿರ ಬಂದಾಗ ಒಂದು ಎಳೆತ ಎಳೆಯುತ್ತದೆ. ನೂರು ವರ್ಷ ಬಿಟ್ಟು ನೌಕೆ ಎಲ್ಲಿರುತ್ತದೆ ಎಂದು ಯಾರೂ ಬರೆದುಕೊಡಲಾರರು.

ವಾಯೇಜರ್ ಅಭಿಮಾನಿ
ಶನಿಯನ್ನು ಮೊದಲು ನೋಡಿದ್ದು ವಾಯೇಜರ್ 1 ಅನ್ನೋದನ್ನೂ ಮಕ್ಕಳಿಗೆ ಹೇಳಿ.

ಲೆಕ್ಕದ ಮೇಷ್ಟ್ರು
ಅಲ್ಲ. ಪಯೋನಿಯರ್ 11. 1979ರ ಸೆಪ್ಟೆಂಬರ್ 1. ಹಾದಿಯಲ್ಲಿ ಕಲ್ಲುಮುಳ್ಳು ಇದೆಯಾ ಎಂದು ಮೊದಲು ನಡೆದು ನೋಡಿದವನ ಹೆಸರೇ ಎಲ್ಲರೂ ಮರೆಯುವುದು.

ವಾಯೇಜರ್ ಅಭಿಮಾನಿ
ಸರಿ, ತಿದ್ದಿಕೊಂಡೆ.

ಜೀವಾಣು
ಟೀಚರ್, ನಿಮ್ಮ ಹುಡುಗಿಯ ಪ್ರಶ್ನೆಗೆ ನೇರವಾಗಿ ಬರುತ್ತೇನೆ. ನನ್ನ ಓದು ಸೂಕ್ಷ್ಮಜೀವಿಗಳದ್ದು.

ಕ್ರಿಮಿ ಹೋಗುವುದು ಒಂದು ಮಾತು. ಹೋದ ಕಡೆ ಬದುಕಿ ಬೆಳೆಯುವುದು ಇನ್ನೊಂದು ಮಾತು. ಟೈಟನ್ ಮೇಲೆ ಇಳಿದದ್ದು ಹೈಗೆನ್ಸ್. ಅಲ್ಲಿ ಮೈನಸ್ 179 ಡಿಗ್ರಿ. ನೀರು ಕಲ್ಲಾಗಿರುತ್ತದೆ. ದ್ರವ ನೀರಿಲ್ಲದ ಕಡೆ ನಮ್ಮ ಬ್ಯಾಕ್ಟೀರಿಯಾ ಹೆಚ್ಚೆಂದರೆ ಹೆಪ್ಪುಗಟ್ಟಿ ಬಿದ್ದಿರುತ್ತದೆ. ಟೈಟನ್ ಒಳಗೆ ನೀರಿದ್ದರೂ ಅದು ಹತ್ತಾರು ಕಿ.ಮೀ. ದಪ್ಪದ ಹಿಮದ ಕೆಳಗೆ. ಹೈಗೆನ್ಸ್ ನಡೆಯುತ್ತಿದ್ದದ್ದು ಬ್ಯಾಟರಿಯಲ್ಲಿ. ಬೆಚ್ಚಗಿರಲಿ ಎಂದು ಒಂದೊಂದು ವ್ಯಾಟ್ ಶಾಖ ಕೊಡುವ ಸಣ್ಣ ಗುಳಿಗೆಗಳನ್ನು ಇಟ್ಟಿದ್ದರು. ಅಷ್ಟರಲ್ಲಿ ಹಿಮ ಕರಗಿಸಿಕೊಂಡು ಇಳಿಯಲು ಆಗುವುದಿಲ್ಲ.

ಕ್ಯಾಸಿನಿ ಹಾಗಲ್ಲ. ಅದರ ಹೊಟ್ಟೆಯಲ್ಲಿ ಹೊರಟಾಗ ಕರೆಂಟಿಗೆಂದು ಸುಮಾರು 33 ಕಿಲೋ ಪ್ಲುಟೋನಿಯಂ ಇಂಧನ ಇತ್ತು. ದಶಕಗಟ್ಟಲೆ ಬಿಸಿಯಾಗಿಯೇ ಇರುವಂಥದ್ದು. ಅದು ಎನ್ಸೆಲಾಡಸ್ ಮೇಲೆ ಹೋಗಿ ಬಿತ್ತು ಅಂದುಕೊಳ್ಳಿ. 504 ಕಿ.ಮೀ. ಅಡ್ಡಳತೆಯ ಪುಟ್ಟ ಚಂದ್ರ, ಆದರೆ ಒಳಗೆ ಸುತ್ತಲೂ ಉಪ್ಪುನೀರಿನ ಸಮುದ್ರ. ದಕ್ಷಿಣ ಧ್ರುವದಲ್ಲಿ ಹುಲಿಪಟ್ಟೆಯ ಹಾಗೆ ಸೀಳುಗಳು. ಅಲ್ಲಿಂದ ನೀರು ಚಿಮ್ಮುತ್ತಲೇ ಇದೆ. ಬಿಸಿ ತುಂಡೊಂದು ಅಲ್ಲಿ ಬಿದ್ದರೆ ಸುತ್ತಲಿನ ಹಿಮ ಕರಗುತ್ತದೆ, ನೀರಾಗುತ್ತದೆ, ನಮ್ಮ ಕ್ರಿಮಿಗೆ ಮನೆ ಸಿಕ್ಕ ಹಾಗೆ.

ನಾಳೆ ಯಾರಾದರೂ ಹೋಗಿ ಅಲ್ಲಿ ಜೀವ ಇದೆ ಎಂದರೆ, ಅದು ಅಲ್ಲಿಯದಾ, ನಾವು ತೆಗೆದುಕೊಂಡು ಹೋದದ್ದಾ ಎಂದು ಹೇಳುವುದು ಹೇಗೆ?

ಕಾಫಿ ತೋಟ
ಆದರೆ ಹೈಗೆನ್ಸ್ ಕಳಿಸುವಾಗ ಇದೆಲ್ಲ ಗೊತ್ತಿತ್ತಾ? ಗೊತ್ತಿಲ್ಲದೇ ಇಳಿಸಿದರು, ಆಮೇಲೆ ಗೊತ್ತಾಯಿತು. ಅದನ್ನು ಒಪ್ಪಿಕೊಳ್ಳಬೇಕಲ್ವಾ?

ಜೀವಾಣು
ಅರ್ಧ ಒಪ್ಪುತ್ತೇನೆ. ಎನ್ಸೆಲಾಡಸ್ ಸಂಗತಿ ಕ್ಯಾಸಿನಿ ಹೋದ ಮೇಲೆಯೇ ಗೊತ್ತಾದದ್ದು. ಹೊರಡುವಾಗ ಈ ಚಂದ್ರನ ಬಗ್ಗೆ ಯಾರೂ ಅಷ್ಟು ತಲೆ ಕೆಡಿಸಿಕೊಂಡಿರಲಿಲ್ಲ. ಆದರೆ ಬೇರೆ ಲೋಕಗಳನ್ನು ಗಲೀಜು ಮಾಡಬಾರದು ಎಂಬ ಮಾತು 1967ರ ಬಾಹ್ಯಾಕಾಶ ಒಪ್ಪಂದದಲ್ಲೇ ಇದೆ. ಗುರುವಿನ ಬಳಿ ಇದ್ದ ಗೆಲಿಲಿಯೋ ನೌಕೆಯನ್ನೂ 2003ರ ಸೆಪ್ಟೆಂಬರ್‌ನಲ್ಲಿ ಗುರುವಿನೊಳಗೇ ಬೀಳಿಸಿದರು. ಯೂರೋಪಾ ಚಂದ್ರನಿಗೆ ತಾಗಬಾರದು ಅಂತ. ಕ್ಯಾಸಿನಿಗೆ ಮಾಡಿದ್ದು ಹೊಸದೇನಲ್ಲ.

ಬಿಎಸ್ಸಿ ಎರಡನೇ ವರ್ಷ
ನಮ್ಮ ಚಂದ್ರನ ಮೇಲೆ ಇದ್ದ ಸರ್ವೇಯರ್ 3 ನೌಕೆಯ ಕ್ಯಾಮೆರಾದಲ್ಲಿ ಎರಡೂವರೆ ವರ್ಷ ಬ್ಯಾಕ್ಟೀರಿಯಾ ಬದುಕಿತ್ತಂತೆ. ಅಪೋಲೋ 12ರವರು ತಂದರು.

ಜೀವಾಣು
ಆ ಕತೆಯನ್ನು ಎಚ್ಚರಿಕೆಯಿಂದ ಹೇಳಬೇಕು. ಕ್ಯಾಮೆರಾ ಭೂಮಿಗೆ ಬಂದ ಮೇಲೆ ಪರೀಕ್ಷೆ ಮಾಡುವಾಗಲೇ ಕೈಯಿಂದ ತಗುಲಿರಬಹುದು ಎಂಬ ಬಲವಾದ ಅನುಮಾನ ಇದೆ. ನೋಡಿ, ನಾನು ಹೇಳುತ್ತಿದ್ದ ತೊಂದರೆ ಇದೇ. ಪಕ್ಕದ ಚಂದ್ರನಿಂದ ತಂದ ಒಂದು ಕ್ಯಾಮೆರಾದ ವಿಷಯದಲ್ಲೇ ಇಷ್ಟು ವರ್ಷ ಜಗಳ.

ಸಾಗರದ ಟೀಚರ್
ತುಂಬಾ ಧನ್ಯವಾದ ಜೀವಾಣು ಅವರೇ. ಹೆಪ್ಪುಗಟ್ಟಿದ ಕಡೆ ಬಿದ್ದ ಕ್ರಿಮಿ, ಬೆಚ್ಚನೆಯ ನೀರಿಗೆ ಬಿದ್ದ ಕ್ರಿಮಿ, ಇದು ಮಕ್ಕಳಿಗೆ ಹಿಡಿಸುತ್ತದೆ. ಹೆಪ್ಪು ಹಾಕುವ ಹಾಲಿನ ಉದಾಹರಣೆ ಕೊಡಬಹುದು. ತಣ್ಣಗಿನ ಹಾಲಿಗೆ ಹೆಪ್ಪು ಹಾಕಿದರೆ ಮೊಸರಾಗುವುದಿಲ್ಲ, ಉಗುರು ಬೆಚ್ಚಗಿದ್ದರೆ ಆಗುತ್ತದೆ.

ಪಾವಗಡದವನು
ಒಂದು ಪ್ರಶ್ನೆ. ಪ್ಲುಟೋನಿಯಂ ಯಾಕೆ ಹಾಕಿದರು? ಸೋಲಾರ್ ಹಾಕಿದ್ದರೆ ಇಷ್ಟೆಲ್ಲ ಭಯವೇ ಇರುತ್ತಿರಲಿಲ್ಲ. ನಮ್ಮೂರ ಕಡೆ ಎಲ್ಲಿ ನೋಡಿದರೂ ಸೋಲಾರ್ ಫಲಕಗಳೇ.

ಲೆಕ್ಕದ ಮೇಷ್ಟ್ರು
ನಿಮ್ಮೂರಿನ ಲೆಕ್ಕದಲ್ಲೇ ಹೇಳುತ್ತೇನೆ. ಶನಿ ಸೂರ್ಯನಿಂದ ನಮಗಿಂತ ಸುಮಾರು ಒಂಬತ್ತೂವರೆ ಪಟ್ಟು ದೂರ. ಬೆಳಕು ದೂರದ ವರ್ಗಕ್ಕೆ ತಕ್ಕಂತೆ ಕಡಿಮೆಯಾಗುತ್ತದೆ. ಅಂದರೆ ಸುಮಾರು 90ರಲ್ಲಿ ಒಂದು ಪಾಲು. ಪಾವಗಡದ ಸೋಲಾರ್ ಪಾರ್ಕ್ 2,050 ಮೆಗಾವ್ಯಾಟ್, ಹರಡಿರುವುದು ಸುಮಾರು 13,000 ಎಕರೆ. ಅದನ್ನೇ ಎತ್ತಿ ಶನಿಯ ಪಕ್ಕದಲ್ಲಿಟ್ಟರೆ 20 ಮೆಗಾವ್ಯಾಟ್ ಚಿಲ್ಲರೆ ಸಿಗುತ್ತದೆ.

ಕ್ಯಾಸಿನಿಗೆ ಬೇಕಿದ್ದದ್ದು ಹೊರಟಾಗ 900 ವ್ಯಾಟ್‌ಗೂ ಸ್ವಲ್ಪ ಕಡಿಮೆ. ಅಡುಗೆಮನೆಯ ಮಿಕ್ಸಿಗಿಂತ ಸ್ವಲ್ಪ ಜಾಸ್ತಿ. ಕೊನೆಗೆ ಸುಮಾರು 600ಕ್ಕೆ ಇಳಿದಿತ್ತು. ಅಷ್ಟರಲ್ಲೇ ಹನ್ನೆರಡು ಉಪಕರಣ, ರೇಡಿಯೋ, ಕಂಪ್ಯೂಟರ್ ಎಲ್ಲ ನಡೆಯಬೇಕು. ಆದರೂ 1990ರ ದಶಕದ ಫಲಕಗಳಲ್ಲಿ ಅಷ್ಟನ್ನು ತೆಗೆಯಲು ರಾಕೆಟ್ಟಿಗೆ ಹೊರಲಾಗದಷ್ಟು ಫಲಕ ಬೇಕಿತ್ತು.

ಪಾವಗಡದವನು
ಅರ್ಥವಾಯಿತು ಸರ್. ನಮ್ಮೂರಲ್ಲಿ ಶನಿಮಹಾತ್ಮನ ದೇವಸ್ಥಾನವೂ ಇದೆ. ಶನಿವಾರ ಕಾಲಿಡಲು ಜಾಗ ಇರುವುದಿಲ್ಲ. ಸಾಡೇಸಾತಿ ಇದ್ದವರು ಎಲ್ಲೆಲ್ಲಿಂದಲೋ ಬರುತ್ತಾರೆ. ಏಳೂವರೆ ವರ್ಷದ ಲೆಕ್ಕ ಎಲ್ಲಿಂದ ಬಂತು ಅಂತ ಚಿಕ್ಕಂದಿನಿಂದ ಕೇಳಬೇಕು ಅಂದುಕೊಂಡಿದ್ದೆ.

ಲೆಕ್ಕದ ಮೇಷ್ಟ್ರು
ಅದೂ ಆಕಾಶ ನೋಡಿಯೇ ಬಂದದ್ದು. ಶನಿ ಸೂರ್ಯನನ್ನು ಒಂದು ಸುತ್ತು ಹಾಕಲು ಸುಮಾರು 29 ವರ್ಷ 6 ತಿಂಗಳು. 12 ರಾಶಿಗೆ ಹಂಚಿದರೆ ಒಂದೊಂದಕ್ಕೆ ಸುಮಾರು ಎರಡೂವರೆ ವರ್ಷ. ನಿಮ್ಮ ರಾಶಿ, ಹಿಂದಿನದ್ದು, ಮುಂದಿನದ್ದು, ಮೂರು ಸೇರಿದರೆ ಏಳೂವರೆ. ದೂರದರ್ಶಕವೇ ಇಲ್ಲದೆ ತಲೆಮಾರುಗಳ ಕಾಲ ನೋಡಿ ಇಟ್ಟ ಲೆಕ್ಕ. ಶನೈಶ್ಚರ ಎಂದರೆ ನಿಧಾನಕ್ಕೆ ನಡೆಯುವವನು.

ಧಾರವಾಡದ ಮಳೆ
ಫಲ ಬೇರೆ, ಲೆಕ್ಕ ಬೇರೆ. ಫಲವನ್ನು ನಾನು ನಂಬುವುದಿಲ್ಲ. ಲೆಕ್ಕಕ್ಕೆ ಕೈ ಮುಗಿಯುತ್ತೇನೆ.

ಕ್ಯಾಸಿನಿ 13 ವರ್ಷ ಅಲ್ಲಿತ್ತು ಅಂತೀವಿ. ಶನಿಯ ಲೆಕ್ಕದಲ್ಲಿ ಅರ್ಧ ವರ್ಷವೂ ತುಂಬಲಿಲ್ಲ. ಹೋದಾಗ ಉತ್ತರ ಭಾಗದಲ್ಲಿ ಚಳಿಗಾಲ. ಬೇಸಿಗೆ ಶುರುವಾಗುವ ಹೊತ್ತಿಗೆ ಮುಗಿಯಿತು.

ಆಂಟೆನಾ
ನಾನು ರೇಡಿಯೋ ಸಂಪರ್ಕದ ಕೆಲಸದವನು. ಎಲ್ಲರೂ ಕ್ಯಾಸಿನಿಯ ಸಾವಿನ ಬಗ್ಗೆ ಮಾತಾಡುತ್ತಿದ್ದೀರಿ. ಹೈಗೆನ್ಸ್ ಹೇಗೆ ಉಳಿಯಿತು ಅನ್ನೋದು ಅದಕ್ಕಿಂತ ದೊಡ್ಡ ಕತೆ.

ಹೈಗೆನ್ಸ್ ಯೂರೋಪಿನವರು ಮಾಡಿದ್ದು. ಟೈಟನ್‌ಗೆ ಇಳಿಯುತ್ತಾ ತನ್ನ ಮಾಹಿತಿಯನ್ನು ಮೇಲಿದ್ದ ಕ್ಯಾಸಿನಿಗೆ ಕಳಿಸಬೇಕು, ಕ್ಯಾಸಿನಿ ಅದನ್ನು ಭೂಮಿಗೆ ದಾಟಿಸಬೇಕು. ನೌಕೆ ಹೊರಟು ಎರಡು ವರ್ಷ ದಾಟಿದ ಮೇಲೆ, 2000ದಲ್ಲಿ, ಬೋರಿಸ್ ಸ್ಮೆಡ್ಸ್ ಎಂಬ ಇಂಜಿನಿಯರ್ ಒಂದು ಪರೀಕ್ಷೆ ಮಾಡಿದರು. ಕ್ಯಾಲಿಫೋರ್ನಿಯಾದ ಗೋಲ್ಡ್‌ಸ್ಟೋನ್ ಆಂಟೆನಾದಿಂದ ಹೈಗೆನ್ಸ್ ಕಳಿಸಿದ ಹಾಗೆಯೇ ಸಂಕೇತ ಕಳಿಸಿ, ಕ್ಯಾಸಿನಿ ಅದನ್ನು ಓದುತ್ತದಾ ಎಂದು ನೋಡಿದರು.

ಬಸ್ಸು ನಮ್ಮ ಕಡೆ ಬರುವಾಗ ಹಾರ್ನ್ ಕೀರಲು, ದಾಟಿ ಹೋದ ಮೇಲೆ ಗಡಸು. ರೇಡಿಯೋ ಅಲೆಗೂ ಅದೇ ಆಗುತ್ತದೆ. ಕ್ಯಾಸಿನಿ ವೇಗವಾಗಿ ಹೈಗೆನ್ಸ್ ಕಡೆ ಬರುತ್ತಿರುವುದರಿಂದ ಅಲೆಯ ಜೊತೆಗೆ, ಮಾಹಿತಿಯ ಒಂದೊಂದು ಬಿಟ್ ಬರುವ ಗತಿಯೂ ಬದಲಾಗುತ್ತದೆ. ಅಲೆಯ ಬದಲಾವಣೆಗೆ ರಿಸೀವರ್ ತಯಾರಿತ್ತು. ಬಿಟ್ ಗತಿಯ ಬದಲಾವಣೆಗೆ ತಯಾರಿರಲಿಲ್ಲ. ಸಂಕೇತ ಜೋರಾಗಿ ಕೇಳುತ್ತದೆ, ಆದರೆ ಒಳಗಿನ ಮಾತು ಕಲಸಿಹೋಗುತ್ತದೆ. ಇಲ್ಲಿಂದ ಅದನ್ನು ರಿಪೇರಿ ಮಾಡುವ ದಾರಿಯೇ ಇರಲಿಲ್ಲ.

ಯಂತ್ರ ಬದಲಿಸಲು ಆಗದಿದ್ದರೆ ದಾರಿ ಬದಲಿಸೋಣ ಎಂದರು. ಕ್ಯಾಸಿನಿ ಟೈಟನ್ ಹತ್ತಿರ ನುಗ್ಗುವ ಬದಲು ಸುಮಾರು 60,000 ಕಿ.ಮೀ. ದೂರದಿಂದ ಹಾದು ಹೋಗುವ ಹಾಗೆ ಕಕ್ಷೆ ತಿರುಗಿಸಿದರು. ಎದುರಿಗೆ ಬರುವ ವೇಗ ಕಡಿಮೆಯಾಯಿತು, ಗತಿ ಸರಿಹೋಯಿತು. 2004ರ ಡಿಸೆಂಬರ್ 25ಕ್ಕೆ ಹೈಗೆನ್ಸ್ ಬಿಡುಗಡೆ, 2005ರ ಜನವರಿ 14ಕ್ಕೆ ಟೈಟನ್ ನೆಲ. ಎರಡೂವರೆ ಗಂಟೆ ಪ್ಯಾರಾಚೂಟಲ್ಲಿ ಇಳಿದು, ನೆಲದ ಮೇಲಿನಿಂದಲೂ ಒಂದು ಗಂಟೆಗಿಂತ ಜಾಸ್ತಿ ಹೊತ್ತು ಕ್ಯಾಸಿನಿಗೆ ಮಾತಾಡಿತು.

ಬಿಎಸ್ಸಿ ಎರಡನೇ ವರ್ಷ
ಇದು ಗೊತ್ತೇ ಇರಲಿಲ್ಲ! ಪೂರ್ತಿ ಮಾಹಿತಿ ಬಂತಾ?

ಆಂಟೆನಾ
ಇಲ್ಲ. ಎರಡು ಚಾನೆಲ್ ಇದ್ದವು. ಒಂದರ ರಿಸೀವರ್ ಆನ್ ಮಾಡುವ ಆದೇಶ ಕ್ಯಾಸಿನಿಗೆ ಕೊಟ್ಟ ಪಟ್ಟಿಯಲ್ಲಿ ಬಿಟ್ಟುಹೋಗಿತ್ತು. 700 ಚಿತ್ರ ಬರಬೇಕಿದ್ದಲ್ಲಿ ಅರ್ಧದಷ್ಟೇ ಬಂದವು. ಗಾಳಿಯ ವೇಗ ಅಳೆಯುವ ಪ್ರಯೋಗ ಪೂರ್ತಿ ಆ ಚಾನೆಲ್ಲಿನಲ್ಲೇ ಇತ್ತು. ಅದನ್ನು ಉಳಿಸಿದ್ದು ಭೂಮಿಯ ಮೇಲಿನ ರೇಡಿಯೋ ದೂರದರ್ಶಕಗಳು. ಅಮೆರಿಕದ ಗ್ರೀನ್ ಬ್ಯಾಂಕ್ ದೂರದರ್ಶಕವೂ ಅದರಲ್ಲಿ ಒಂದು. ಮೊಬೈಲ್ ಫೋನಿನ ಮಟ್ಟದ ಪವರ್‌ನಲ್ಲಿ ಹೊರಟ ಸಂಕೇತವನ್ನು ನೂರು ಕೋಟಿ ಕಿ.ಮೀ.ಗಿಂತ ದೂರದಿಂದ ನೇರವಾಗಿ ಹಿಡಿದರು. ಆ ಕೆಲಸ ನೆನೆದರೆ ಇವತ್ತಿಗೂ ಮೈ ಜುಮ್ಮೆನ್ನುತ್ತದೆ.

ಧಾರವಾಡದ ಮಳೆ
ಟೈಟನ್ ನೆಲದ ಆ ಒಂದು ಚಿತ್ರ ನೋಡಿದ್ದೀರಾ? ಕಿತ್ತಳೆ ಬಣ್ಣದ ಮಬ್ಬು ಬೆಳಕು. ಮುಂದೆ ಉರುಟು ಉರುಟು ಕಲ್ಲು, ನಮ್ಮ ಹೊಳೆ ದಂಡೆಯಲ್ಲಿ ಸಿಗುವಂಥವು. ಅವು ಕಲ್ಲಲ್ಲ, ನೀರಿನ ಹಿಮ. ನುಣುಪು ಮಾಡಿದ್ದು ನೀರಲ್ಲ, ಹರಿದ ದ್ರವ ಮೀಥೇನ್. ಮಳೆಯೂ ಮೀಥೇನ್, ಹೊಳೆಯೂ ಮೀಥೇನ್, ಉತ್ತರ ಧ್ರುವದ ಕಡೆ ಸಮುದ್ರಗಳೇ ಇವೆ. ಕ್ರಾಕೆನ್, ಲೈಜಿಯಾ ಎಂದು ಹೆಸರು.

ಇಳಿದ ಕಡೆ ನೆಲ ಒದ್ದೆ ಮರಳಿನ ಹಾಗಿತ್ತು. ಸುಮಾರು 12 ಸೆಂ.ಮೀ. ಗುಂಡಿ ಬಿದ್ದು, ಪುಟಿದು, ಸ್ವಲ್ಪ ಜಾರಿ ನಿಂತಿತು ಅಂತ ಲೆಕ್ಕ ಹಾಕಿದ್ದಾರೆ. ಆ ಗುಂಡಿ ಈಗಲೂ ಅಲ್ಲಿರಬಹುದು.

ಕಾಫಿ ತೋಟ
ವಿಷಯಕ್ಕೆ ಬರೋಣ. ನಾನು ಕೇಳಿದ್ದಕ್ಕೆ ಪೂರ್ತಿ ಉತ್ತರ ಸಿಕ್ಕಿಲ್ಲ. ಬೀಳಿಸಲೇಬೇಕಿತ್ತು, ಸರಿ. ಆದರೆ ಸುಮ್ನೆ ಬೀಳಿಸಿದರಾ, ಅದರಿಂದ ಏನಾದರೂ ಕಲಿತರಾ?

ಫ್ರೀಮಾಂಟ್ ಕನ್ನಡತಿ
ಕಲಿತದ್ದೇ ಕಲಿತದ್ದು! ಬಿದ್ದದ್ದು ಒಂದೇ ಏಟಿಗಲ್ಲ. 2017ರ ಏಪ್ರಿಲ್ 22ಕ್ಕೆ ಟೈಟನ್ ಪಕ್ಕ ಕೊನೇ ಸಲ ಹತ್ತಿರದಿಂದ ಹಾದು, ಅದರ ಎಳೆತದಿಂದಲೇ ಹೊಸ ದಾರಿ ಹಿಡಿಯಿತು. ಅಲ್ಲಿಂದ ಹಿಂದಕ್ಕೆ ಬರುವ ಮಾತಿಲ್ಲ. ಶನಿಗೂ ಒಳಗಿನ ಉಂಗುರಕ್ಕೂ ನಡುವೆ ಸುಮಾರು 2,000 ಕಿ.ಮೀ. ಸಂದು. ಆ ಸಂದಿನಲ್ಲಿ 22 ಸಲ ನುಸುಳಿತು. ಅದಕ್ಕೂ ಮೊದಲು ಯಾವ ನೌಕೆಯೂ ಅಲ್ಲಿಗೆ ಹೋಗಿರಲಿಲ್ಲ. ಮೊದಲ ಸಲ ತನ್ನ ನಾಲ್ಕು ಮೀಟರ್ ಆಂಟೆನಾವನ್ನೇ ಗುರಾಣಿಯ ಹಾಗೆ ಮುಂದೆ ಹಿಡಿದುಕೊಂಡು ಹೋಯಿತು, ದೂಳಿನ ಕಣ ಬಡಿದರೆ ತಡೆಯಲಿ ಅಂತ. ನೋಡಿದರೆ ಸಂದು ಎಲ್ಲರೂ ಅಂದುಕೊಂಡಿದ್ದಕ್ಕಿಂತ ಖಾಲಿ ಇತ್ತು.

ಅಷ್ಟು ಹತ್ತಿರ ಹೋದದ್ದರಿಂದ ಉಂಗುರಗಳ ತೂಕ ಸಿಕ್ಕಿತು. ಪುಟ್ಟ ಮಿಮಾಸ್ ಚಂದ್ರನ ತೂಕದ ಶೇಕಡಾ 40ರಷ್ಟು ಮಾತ್ರ. ಶನಿಯ ಒಂದು ದಿನ ಎಷ್ಟು ಹೊತ್ತು ಅನ್ನೋದು ದಶಕಗಳ ಕಗ್ಗಂಟು. ಅದು ಬಿಡಿಸಿಕೊಂಡದ್ದು ಉಂಗುರದಲ್ಲಿ ಏಳುವ ಅಲೆಗಳಿಂದ. 10 ಗಂಟೆ 33 ನಿಮಿಷ 38 ಸೆಕೆಂಡ್.

ಕೊನೇ ದಿನ ನಾನು ನಿದ್ದೆ ಮಾಡಲಿಲ್ಲ. ಇಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಬೆಳಗಿನ ಜಾವ. ಮಗಳನ್ನು ಎಬ್ಬಿಸಿ ಕಂಬಳಿ ಹೊದಿಸಿ ಮಡಿಲಲ್ಲಿ ಕೂರಿಸಿಕೊಂಡಿದ್ದೆ. ಪರದೆಯ ಮೇಲೆ ಒಂದು ಚೂಪಾದ ಗೆರೆ, ಅದೇ ಕ್ಯಾಸಿನಿಯ ಸಂಕೇತ. ನಾಲ್ಕು ಗಂಟೆ ಐವತ್ತೈದು ನಿಮಿಷಕ್ಕೆ ಗೆರೆ ಕುಗ್ಗಿತು. ಮತ್ತೆ ಬರಲಿಲ್ಲ. ನಿಯಂತ್ರಣ ಕೋಣೆಯಲ್ಲಿದ್ದವರು ಒಬ್ಬರನ್ನೊಬ್ಬರು ತಬ್ಬಿಕೊಂಡರು. "ಅಮ್ಮಾ, ಈಗ ಬಿತ್ತಾ?" ಅಂದಳು. ಈಗಲ್ಲ, 83 ನಿಮಿಷದ ಹಿಂದೆಯೇ ಬಿದ್ದಿದೆ, ಅದರ ಮಾತು ನಮಗೆ ಬಂದು ಮುಟ್ಟಲು ಅಷ್ಟು ಹೊತ್ತು ಬೇಕು ಅಂದೆ. ನಾವು ಎದ್ದು ಹಾಲು ಕಾಯಿಸುವಾಗಲೇ ಅದು ಇರಲಿಲ್ಲ. ಆ ಮಾತು ನನ್ನ ಬಾಯಿಂದಲೇ ಬಂದಾಗ ಅಳು ತಡೆಯಲಿಲ್ಲ.

ತುಂಗಭದ್ರ
ನಮಗೆ ಅದು ಸಂಜೆ 5 ಗಂಟೆ 25 ನಿಮಿಷ. ಸೆಪ್ಟೆಂಬರ್ 15, ವಿಶ್ವೇಶ್ವರಯ್ಯನವರ ಹುಟ್ಟಿದ ದಿನ, ಇಂಜಿನಿಯರುಗಳ ದಿನ. ಕಾಲೇಜಿನಲ್ಲಿ ಕಾರ್ಯಕ್ರಮ ಮುಗಿಸಿ ಲ್ಯಾಬಿನಲ್ಲಿ ಕೂತು ನಾವು ನೋಡಿದ್ದೆವು. ಆ ದಿನಕ್ಕೆ ಅದಕ್ಕಿಂತ ಒಳ್ಳೆಯ ಪಾಠ ಬೇರೆ ಇರಲಿಲ್ಲ.

ಬ್ಯಾಲಾಳು ಕಡೆಯವ
ಬೆಂಗಳೂರಿನ ಹತ್ತಿರ ನಮ್ಮ ಬ್ಯಾಲಾಳಿನಲ್ಲಿರುವ ಇಸ್ರೋದ 32 ಮೀಟರ್ ಆಂಟೆನಾ ಕೂಡ ಆ ಕೊನೇ ಸಂಕೇತ ಹಿಡಿದಿತ್ತಲ್ವಾ?

ಆಂಟೆನಾ
ಇಲ್ಲ, ಆ ಕೊನೇ ಸಂಕೇತ ಬಂದದ್ದು ಆಸ್ಟ್ರೇಲಿಯಾದ ಕ್ಯಾನ್‌ಬೆರಾಕ್ಕೆ. ಆ ಹೊತ್ತಿಗೆ ಶನಿ ಅವರ ಆಕಾಶದಲ್ಲಿತ್ತು. ಬ್ಯಾಲಾಳಿನದ್ದು ಚಂದ್ರಯಾನಕ್ಕೆ, ಮಂಗಳಯಾನಕ್ಕೆ ದುಡಿದದ್ದು. ಅದರ ಹೆಮ್ಮೆ ಅದಕ್ಕಿದೆ, ಇಲ್ಲದ್ದನ್ನು ಸೇರಿಸುವುದು ಬೇಡ.

ಇನ್ನೊಂದು ಸಂಗತಿ. ಕೊನೆಗೆ ಕ್ಯಾಸಿನಿ ಗಂಟೆಗೆ ಸುಮಾರು 1,13,000 ಕಿ.ಮೀ. ವೇಗದಲ್ಲಿ ವಾತಾವರಣಕ್ಕೆ ನುಗ್ಗಿತು. ಗಾಳಿ ಅದನ್ನು ಪಲ್ಟಿ ಹೊಡೆಸಲು ನೋಡುತ್ತಿತ್ತು. ಸಣ್ಣ ರಾಕೆಟ್‌ಗಳನ್ನು ಉರಿಸಿ ಉರಿಸಿ ಆಂಟೆನಾವನ್ನು ಭೂಮಿಯ ಕಡೆಗೇ ತಿರುಗಿಸಿ ಇಟ್ಟುಕೊಂಡಿತು. ಅಲ್ಲಿಯವರೆಗೂ ಗಾಳಿಯಲ್ಲಿ ಏನೇನಿದೆ ಎಂದು ಮೂಸಿ ಮೂಸಿ ಕಳಿಸುತ್ತಲೇ ಇತ್ತು. ಲೆಕ್ಕ ಹಾಕಿದ್ದಕ್ಕಿಂತ ಸುಮಾರು ಅರ್ಧ ನಿಮಿಷ ಜಾಸ್ತಿ ತಡೆದುಕೊಂಡಿತು.

ಕಾಫಿ ತೋಟ
ಇದನ್ನು ಓದಿ ಮನಸ್ಸು ಬದಲಾಯಿತು ಎನ್ನಲಾರೆ, ಬೇಜಾರು ಹೋಗುವುದಿಲ್ಲ. ಆದರೆ ಅದು ಕೆಲಸ ಮಾಡುತ್ತಲೇ ಹೋಯಿತು ಅನ್ನುವುದು ಗೊತ್ತಿರಲಿಲ್ಲ. ಅದಕ್ಕೆ ಧನ್ಯವಾದ.

ಬಿಎಸ್ಸಿ ಎರಡನೇ ವರ್ಷ
ಎನ್ಸೆಲಾಡಸ್ ನೀರು ಚಿಮ್ಮುವುದನ್ನು ಹೇಗೆ ಕಂಡುಹಿಡಿದರು? ಫೋಟೋದಲ್ಲಾ?

ಜೀವಾಣು
ಮೊದಲ ಸುಳಿವು ಫೋಟೋದಿಂದ ಅಲ್ಲ, ಅಯಸ್ಕಾಂತ ಬಲ ಅಳೆಯುವ ಉಪಕರಣದಿಂದ. 2005ರ ಆರಂಭದಲ್ಲಿ ಹಾದು ಹೋದಾಗ ಶನಿಯ ಕಾಂತಕ್ಷೇತ್ರ ಎನ್ಸೆಲಾಡಸ್ ಸುತ್ತ ಬಾಗುತ್ತಿತ್ತು, ಏನೋ ಅಡ್ಡ ಬಂದ ಹಾಗೆ. ಆ ತಂಡದ ಮುಖ್ಯಸ್ಥೆ ಮಿಶೆಲ್ ಡೌಹರ್ಟಿ ಇನ್ನೂ ಹತ್ತಿರ ಹೋಗೋಣ ಎಂದು ಪಟ್ಟು ಹಿಡಿದರು. ಜುಲೈ 14ಕ್ಕೆ 173 ಕಿ.ಮೀ. ಹತ್ತಿರ ಹೋದರು. ದಕ್ಷಿಣ ಧ್ರುವ ಬೆಚ್ಚಗಿತ್ತು, ಆವಿ ಬರುತ್ತಿತ್ತು. ನವೆಂಬರ್‌ನಲ್ಲಿ ಸೂರ್ಯ ಎನ್ಸೆಲಾಡಸ್‌ನ ಹಿಂದಿನ ಕಡೆ ಇದ್ದಾಗ ತೆಗೆದ ಚಿತ್ರಗಳಲ್ಲಿ ಕಾರಂಜಿಗಳು ಕಣ್ಣಿಗೇ ಕಂಡವು. ಬೆಳಗ್ಗೆ ಅಡುಗೆಮನೆ ಕಿಟಕಿಯಿಂದ ಬಿಸಿಲು ಬಿದ್ದಾಗ ಹಂಡೆಯ ಹಬೆ ಎದ್ದು ಕಾಣುತ್ತದಲ್ಲ, ಹಾಗೆ.

2015ರ ಅಕ್ಟೋಬರ್‌ನಲ್ಲಿ ಆ ಕಾರಂಜಿಯ ಒಳಗೇ, ನೆಲದಿಂದ 49 ಕಿ.ಮೀ. ಎತ್ತರದಲ್ಲಿ ಹಾದು ಹೋಯಿತು. ಸಿಕ್ಕಿದ್ದು ಹೈಡ್ರೋಜನ್ ಅನಿಲ. ಸಮುದ್ರದ ತಳದಲ್ಲಿ ಬಿಸಿನೀರೂ ಬಂಡೆಯೂ ಸೇರಿ ಏನೋ ನಡೆಸಿವೆ ಎಂಬ ಗುರುತು ಅದು. ಇಲ್ಲಿ ನಮ್ಮ ಕಡಲಾಳದ ಬಿಸಿ ಬುಗ್ಗೆಗಳಲ್ಲಿ ಅಂಥದ್ದನ್ನೇ ಉಂಡು ಬದುಕುವ ಜೀವಿಗಳಿವೆ. ಹಳೆಯ ಮಾಹಿತಿಯನ್ನೇ ಮತ್ತೆ ಜಾಲಾಡಿ 2023ರಲ್ಲಿ ಫಾಸ್ಫೇಟ್ ಇದೆ ಎಂದೂ ಹೇಳಿದರು. ನೌಕೆ ಹೋಗಿ ಆರು ವರ್ಷ ಆದ ಮೇಲೆ!

ನಕ್ಷತ್ರ ನೋಡುವವ
ತಡವಾಗಿ ಬಂದೆ. ಟೀಚರ್, ಮಕ್ಕಳಿಗೆ ಒಮ್ಮೆ ಶನಿಯನ್ನು ಕಣ್ಣಾರೆ ತೋರಿಸಿ. ನಾನು ಊರೂರಿಗೆ ದೂರದರ್ಶಕ ಹೊತ್ತುಕೊಂಡು ಹೋಗುತ್ತೇನೆ. ಹೋದ ಸಲ ಒಬ್ಬ ಅಜ್ಜಿ, ಸೆರಗು ಮುದುಡಿ ಹಿಡಿದುಕೊಂಡು, ಒಂದು ಕಣ್ಣು ಮುಚ್ಚಿ ನೋಡಿದರು. ಸ್ವಲ್ಪ ಹೊತ್ತು ಮಾತಿಲ್ಲ. ಆಮೇಲೆ ದೂರದರ್ಶಕದ ಬಾಯಿಗೆ ಕೈ ಅಡ್ಡ ಹಿಡಿದರು. ಒಳಗೆ ಚಿತ್ರ ಅಂಟಿಸಿದ್ದೀಯೇನೋ ಅಂತ ಅನುಮಾನ! ಕೈ ಹಿಡಿದಾಗ ಶನಿ ಮಾಯ, ತೆಗೆದಾಗ ಮತ್ತೆ ಬಂತು. "ಇಷ್ಟು ಚಂದ ಇರೋನಿಗೆ ಯಾಕಪ್ಪಾ ಅಷ್ಟು ಹೆದರ್ತೀವಿ" ಅಂದರು.

ಸಾಗರದ ಟೀಚರ್
ಎಷ್ಟು ದೊಡ್ಡ ದೂರದರ್ಶಕ ಬೇಕು? ಶಾಲೆಗೆಂದು ಅಂಗಡಿಯೊಂದರಲ್ಲಿ ತಂದದ್ದರಲ್ಲಿ ಚುಕ್ಕೆ ಬಿಟ್ಟು ಏನೂ ಕಾಣುವುದಿಲ್ಲ. ಡಬ್ಬದ ಮೇಲೆ 500 ಪಟ್ಟು ಅಂತ ಬರೆದಿದ್ದರು.

ನಕ್ಷತ್ರ ನೋಡುವವ
ಆ ಪಟ್ಟಿನ ಲೆಕ್ಕ ನೋಡಿ ಕೊಳ್ಳಲೇಬಾರದು. ಗಾಜಿನ ಅಗಲ ನೋಡಬೇಕು. ಗಟ್ಟಿ ಸ್ಟ್ಯಾಂಡ್ ಇರುವ 60 ಮಿ.ಮೀ. ದೂರದರ್ಶಕದಲ್ಲೂ 50 ಪಟ್ಟು ಹಿಗ್ಗಿಸಿದರೆ ಉಂಗುರ ಕಾಣುತ್ತದೆ. ನಿಮ್ಮದರಲ್ಲೂ ಕಡಿಮೆ ಹಿಗ್ಗಿಸುವ ಕಣ್ಗಾಜು ಹಾಕಿ ನೋಡಿ, ಕಾಣಬಹುದು. ಪಕ್ಕದಲ್ಲಿ ಚುಕ್ಕೆಯಾಗಿ ಟೈಟನ್ ಸಹ.

2025ರ ಮಾರ್ಚ್‌ನಲ್ಲಿ ಉಂಗುರ ನಮಗೆ ಅಂಚು ಕೊಟ್ಟು ನಿಂತಿತ್ತು. ಆಮೇಲೆ ನಿಧಾನಕ್ಕೆ ತೆರೆದುಕೊಳ್ಳುತ್ತಿದೆ. ಗೆರೆಯ ಹಾಗೆ ಕಂಡರೆ ದೂರದರ್ಶಕ ಹಾಳಾಗಿದೆ ಎಂದುಕೊಳ್ಳಬೇಡಿ.

ಲೆಕ್ಕದ ಮೇಷ್ಟ್ರು
ಅಂಚು ಕಾಣದಷ್ಟು ತೆಳು ಅನ್ನೋದಕ್ಕೆ ಮಕ್ಕಳಿಗೆ ಈ ಲೆಕ್ಕ ಕೊಡಿ. ಮುಖ್ಯ ಉಂಗುರಗಳು ಈ ತುದಿಯಿಂದ ಆ ತುದಿಗೆ ಸುಮಾರು 2,80,000 ಕಿ.ಮೀ. ದಪ್ಪ ಬಹಳ ಕಡೆ 10 ಮೀಟರ್ ಆಸುಪಾಸು. ನೋಟ್‌ಬುಕ್ ಹಾಳೆ ದಪ್ಪದ ಕಾಗದದಲ್ಲಿ ಅದೇ ಅಳತೆಯ ಉಂಗುರ ಮಾಡಬೇಕೆಂದರೆ ಹಾಳೆಯ ಅಗಲ 2.8 ಕಿ.ಮೀ. ಇರಬೇಕು.

ವಾಯೇಜರ್ ಅಭಿಮಾನಿ
ಉಂಗುರ ಕಂಡುಹಿಡಿದ ಕ್ಯಾಸಿನಿಯ ಹೆಸರನ್ನೇ ನೌಕೆಗೆ ಇಟ್ಟದ್ದು ಸೊಗಸಾಗಿದೆ.

ಧಾರವಾಡದ ಮಳೆ
ಮತ್ತೆ ತಿದ್ದಬೇಕಾಗಿದೆ, ಕ್ಷಮಿಸಿ. 1610ರಲ್ಲಿ ಮೊದಲು ನೋಡಿದ್ದು ಗೆಲಿಲಿಯೋ. ಅವರಿಗೆ ಅದು ಉಂಗುರ ಅಂತ ಗೊತ್ತಾಗಲಿಲ್ಲ, ಆಚೀಚೆ ಎರಡು ಗುಂಡು ಇದ್ದ ಹಾಗೆ ಕಂಡಿತು. ಉಂಗುರ ಎಂದು ಹೇಳಿದ್ದು ಹೈಗೆನ್ಸ್. 1655ರಲ್ಲಿ ಟೈಟನ್ ಕಂಡದ್ದೂ ಅವರೇ. ಕ್ಯಾಸಿನಿ ಕಂಡದ್ದು ನಾಲ್ಕು ಚಂದ್ರರನ್ನು, ಮತ್ತೆ ಉಂಗುರದ ನಡುವಿನ ಕಪ್ಪು ಸಂದನ್ನು, 1675ರಲ್ಲಿ.

ಬ್ಯಾಲಾಳು ಕಡೆಯವ
ಉಂಗುರ ಇರೋದು ಶನಿಗೆ ಮಾತ್ರ ಅಲ್ಲವಂತೆ?

ನಕ್ಷತ್ರ ನೋಡುವವ
ಗುರು, ಯುರೇನಸ್, ನೆಪ್ಚೂನ್‌ಗೂ ಇವೆ, ತೆಳ್ಳಗೆ. ಯುರೇನಸ್ ಉಂಗುರ ಗೊತ್ತಾದದ್ದು 1977ರ ಮಾರ್ಚ್ 10ರಂದು, ಗ್ರಹ ಒಂದು ನಕ್ಷತ್ರದ ಎದುರು ಹಾದಾಗ. ಅಮೆರಿಕದವರು ವಿಮಾನದಲ್ಲಿ ದೂರದರ್ಶಕ ಇಟ್ಟುಕೊಂಡು ನೋಡಿದರು, ಕಂಡುಹಿಡಿದ ಹೆಸರು ಅವರದು. ಆದರೆ ಅದೇ ಹೊತ್ತಿಗೆ ನಮ್ಮ ಬೆಂಗಳೂರಿನ ಭಾರತೀಯ ಖಭೌತ ಸಂಸ್ಥೆಯವರು ತಮಿಳುನಾಡಿನ ಕಾವಲೂರಿನಲ್ಲಿ ಕೂತು ನೋಡುತ್ತಿದ್ದರು. ನಕ್ಷತ್ರದ ಬೆಳಕು ಕುಂದಿದ್ದು ಅವರಲ್ಲೂ ದಾಖಲಾಯಿತು. ಈ ಮಾತು ನಮ್ಮ ಮಕ್ಕಳಿಗೆ ಯಾರೂ ಹೇಳುವುದಿಲ್ಲ.

ಬಿಎಸ್ಸಿ ಎರಡನೇ ವರ್ಷ
ಮುಂದೆ ಯಾರು ಹೋಗುತ್ತಿದ್ದಾರೆ ಅಲ್ಲಿಗೆ?

ಫ್ರೀಮಾಂಟ್ ಕನ್ನಡತಿ
ನಾಸಾದ ಡ್ರ್ಯಾಗನ್‌ಫ್ಲೈ. 2028ರ ಜುಲೈನಲ್ಲಿ ಹೊರಡಿಸುವ ಯೋಜನೆ, 2034ಕ್ಕೆ ಟೈಟನ್. ಎಂಟು ರೋಟರ್ ಇರುವ ಹಾರುವ ಯಂತ್ರ. ಟೈಟನ್ ಗಾಳಿ ನಮ್ಮ ಗಾಳಿಯ ನಾಲ್ಕು ಪಟ್ಟು ದಟ್ಟ, ಎಳೆತ ನಮ್ಮದರ ಏಳರಲ್ಲಿ ಒಂದು ಪಾಲು. ಹಾರಲು ಹೇಳಿ ಮಾಡಿಸಿದ ಜಾಗ. ಸೆಲ್ಕ್ ಎಂಬ ಕುಳಿಯ ಕಡೆ ಮರಳು ದಿಬ್ಬಗಳಲ್ಲಿ ಇಳಿದು, ಅಲ್ಲಿಂದ ಹಾರಿ ಹಾರಿ ಹೋಗಿ ಮಣ್ಣು ಪರೀಕ್ಷೆ ಮಾಡುತ್ತದೆ. ಅದಕ್ಕೂ ಪ್ಲುಟೋನಿಯಂ ಬ್ಯಾಟರಿಯೇ.

ಕಾಫಿ ತೋಟ
ನೋಡಿದಿರಾ! ಮತ್ತೆ ಪ್ಲುಟೋನಿಯಂ ಹೊತ್ತು ಟೈಟನ್ ಮೇಲೇ ಇಳಿಯುತ್ತದೆ. ಟೀಚರ್, ಆ ಹುಡುಗಿ ಇದನ್ನು ಕೇಳದೇ ಬಿಡುವುದಿಲ್ಲ.

ಜೀವಾಣು
ಕೇಳಲಿ. ವ್ಯತ್ಯಾಸ ಇದೆ. ಡ್ರ್ಯಾಗನ್‌ಫ್ಲೈ ಎಲ್ಲಿ ಇಳಿಯುತ್ತದೆ, ಎಲ್ಲಿಗೆ ಹೋಗುತ್ತದೆ ಎಂಬುದು ನಮ್ಮ ಕೈಯಲ್ಲಿ ಇರುತ್ತದೆ. ಇಂಧನ ಮುಗಿದ ಕ್ಯಾಸಿನಿ ಯಾವ ಚಂದ್ರನ ಮೇಲೆ, ಯಾವಾಗ, ಎಷ್ಟು ಜೋರಾಗಿ ಬೀಳುತ್ತದೆ ಎಂಬುದು ಯಾರ ಕೈಯಲ್ಲೂ ಇರುತ್ತಿರಲಿಲ್ಲ. ಆದರೂ ನಿಮ್ಮ ಮಾತಿಗೆ ಬೆಲೆ ಇದೆ. ಪ್ರತಿ ಸಲ ಈ ಪ್ರಶ್ನೆ ಕೇಳಿಯೇ ಕಳಿಸಬೇಕು.

ಸಾಗರದ ಟೀಚರ್
ಇವತ್ತು ಸೋಮವಾರ. ಪಾಠ ಮುಗಿಸಿ ಬಂದು ಬರೆಯುತ್ತಿದ್ದೇನೆ. ಹೆಪ್ಪಿನ ಉದಾಹರಣೆ ಹೇಳಿದೆ, ಮಿಕ್ಸಿ ಲೆಕ್ಕ ಹೇಳಿದೆ, ಬಸ್ಸಿನ ಹಾರ್ನ್ ಹೇಳಿದೆ. ಕೊನೇ ಅರ್ಧ ನಿಮಿಷದ ವಿಷಯ ಹೇಳುವಾಗ ತರಗತಿ ಪೂರ್ತಿ ಮೌನ. ನಕ್ಷತ್ರ ನೋಡುವವರೇ, ನಿಮಗೆ ಸಂದೇಶ ಕಳಿಸಿದ್ದೇನೆ, ದಯವಿಟ್ಟು ನಮ್ಮ ಶಾಲೆಗೆ ಬನ್ನಿ.

ಆ ಹುಡುಗಿ ಒಪ್ಪಿದಳು. ಆದರೆ ಬೆಲ್ ಹೊಡೆದ ಮೇಲೆ ಮೇಜಿನ ಹತ್ತಿರ ಬಂದು ಇನ್ನೊಂದು ಕೇಳಿದಳು. "ಮಿಸ್, ಎನ್ಸೆಲಾಡಸ್ ಗಲೀಜಾಗಬಾರದು ಅಂತ ಶನಿಗೆ ಹಾಕಿದ್ರು. ಶನಿಯೊಳಗೆ ಏನೂ ಬದುಕಿಲ್ಲ ಅಂತ ಹೇಗೆ ಗೊತ್ತು? ಆ ಪ್ಲುಟೋನಿಯಂ ಈಗ ಅಲ್ಲಿ ಏನಾಗಿದೆ?"

ಜೀವಾಣು
ಮೊದಲು ಎರಡನೆಯದು. ನೌಕೆ ನಿಮಿಷಗಳಲ್ಲೇ ಚೂರಾಗಿ, ಕರಗಿ, ಆವಿಯಾಗಿ ಶನಿಯ ಗಾಳಿಯಲ್ಲಿ ಬೆರೆತುಹೋಯಿತು. ಶನಿಗೆ ಕಾಲೂರುವ ನೆಲ ಇಲ್ಲ. ಒಳಗೆ ಹೋದಷ್ಟೂ ಒತ್ತಡ, ಬಿಸಿ ಏರುತ್ತಲೇ ಹೋಗುತ್ತದೆ. ನಮ್ಮ ಯಾವ ಕ್ರಿಮಿಯೂ ಅದನ್ನು ದಾಟಿ ಉಳಿಯುವುದಿಲ್ಲ.

ಮೊದಲನೆಯದಕ್ಕೆ ಸ್ವಲ್ಪ ಸಮಯ ಕೊಡಿ. ಸರಿಯಾಗಿ ಯೋಚಿಸಿ ರಾತ್ರಿ ಬರೆಯುತ್ತೇನೆ. ಅವಳ ಹೆಸರಲ್ಲಿ ಬೇರೆ ಚರ್ಚೆಯನ್ನೇ ಶುರು ಮಾಡೋಣ.